‘ಬರೋಕಾದ್ರೆ ಬರ್ತೀನಿ’ ಅಂದವರು ಬರುವುದಿಲ್ಲ: ಜಪಾನಿನ ‘ಕ್ವಾರ್ಟೆಟ್’ ಧಾರಾವಾಹಿ ನೋಡಿದ ಮೇಲೆ

ಕೋರ್ಟಿನಲ್ಲಿ ಆಡಿದ ಮಾತು ಆಡಿದ ಹಾಗೆ ಕಾಗದಕ್ಕೆ ಇಳಿಯುವುದಿಲ್ಲ. ಪಾಟೀ ಸವಾಲಿನಲ್ಲಿ ವಕೀಲರು ‘ಅವತ್ತು ನೀನು ಅಲ್ಲಿ ಇರಲೇ ಇಲ್ಲ, ಹೌದಲ್ಲ?’ ಎಂದು ಕೇಳುತ್ತಾರೆ. ಸಾಕ್ಷಿ ‘ಇದ್ದೆ ಸ್ವಾಮಿ’ ಅನ್ನುತ್ತಾನೆ. ನ್ಯಾಯಾಧೀಶ ಸಾಹೇಬರು ಹೇಳಿ ಬರೆಸುವುದು ಹೀಗೆ: ‘ನಾನು ಆ ದಿನ ಸ್ಥಳದಲ್ಲಿ ಇರಲಿಲ್ಲ ಎಂದರೆ ಸರಿಯಲ್ಲ.’ ಇಂಥ ವಾಕ್ಯಗಳನ್ನು 29 ವರ್ಷ ಬರೆದುಕೊಂಡ ಶೀಘ್ರಲಿಪಿಗಾರ್ತಿ ನಾನು. ‘ಇದ್ದೆ ಸ್ವಾಮಿ’ ಅನ್ನುವ ಮುಂಚೆ ಆತ ಎಷ್ಟು ಹೊತ್ತು ಸುಮ್ಮನಿದ್ದ, ಕಟಕಟೆಯ ಅಂಚನ್ನು ಹೇಗೆ ಹಿಡಿದುಕೊಂಡಿದ್ದ, ಮಾತು ಮುಗಿಸಿ ಯಾರ ಕಡೆ ನೋಡಿದ, ಇದು ಯಾವುದೂ ನನ್ನ ನೋಟ್‌ಬುಕ್ಕಿನಲ್ಲಿ ಇಲ್ಲ. ಸಾಕ್ಷಿಯ ಹಾವಭಾವದ ಬಗ್ಗೆ ಷರಾ ಬರೆಯಲು 1973ರ ದಂಡ ಪ್ರಕ್ರಿಯಾ ಸಂಹಿತೆಯ 280ನೇ ಕಲಮಿನಲ್ಲಿ ಅವಕಾಶ ಇತ್ತು. ನನ್ನ ಇಡೀ ನೌಕರಿಯಲ್ಲಿ ಅಂಥ ಷರಾ ಬರೆದುಕೊಂಡದ್ದು ಒಂದು ಕೈಯ ಬೆರಳಿನಷ್ಟು ಸಲವೂ ಇಲ್ಲ.

ಹಾಗೆ ಬಿಟ್ಟುಹೋಗುವುದನ್ನೇ ಹಿಡಿದು ಮಾಡಿದ ಒಂದು ಧಾರಾವಾಹಿ ಇದೆ ಎಂದು ಮಗಳು ಹೇಳಿದಳು. ‘ಅಮ್ಮ, ನಿನಗೋಸ್ಕರವೇ ಮಾಡಿದ ಹಾಗಿದೆ’ ಅಂದಳು. ‘ಕ್ವಾರ್ಟೆಟ್’ ಅದರ ಹೆಸರು. 2017ರ ಜನವರಿಯಿಂದ ಮಾರ್ಚ್‌ವರೆಗೆ ಜಪಾನಿನ ಟಿಬಿಎಸ್ ವಾಹಿನಿಯಲ್ಲಿ ಮಂಗಳವಾರ ರಾತ್ರಿ 10 ಗಂಟೆಗೆ ಬಂದ ಹತ್ತೇ ಹತ್ತು ಕಂತಿನ ಕಥೆ. ಬರೆದವರು ಯೂಜಿ ಸಕಾಮೊಟೊ. 1991ರಲ್ಲಿ ‘ಟೋಕಿಯೋ ಲವ್ ಸ್ಟೋರಿ’ ಧಾರಾವಾಹಿಯ ಚಿತ್ರಕಥೆ ಬರೆದವರು ಇವರೇ. 2023ರಲ್ಲಿ ‘ಮಾನ್‌ಸ್ಟರ್’ ಸಿನಿಮಾಕ್ಕೆ ಕಾನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ಚಿತ್ರಕಥೆಯ ಪ್ರಶಸ್ತಿ ಬಂದದ್ದೂ ಇವರಿಗೇ. ನನಗೆ ಜಪಾನಿ ಬರುವುದಿಲ್ಲ. ಇಂಗ್ಲಿಷ್ ಸಬ್‌ಟೈಟಲ್ ಇಟ್ಟುಕೊಂಡು ಎರಡು ಸಲ ನೋಡಿದೆ, ಆರನೇ ಕಂತನ್ನು ನಾಲ್ಕು ಸಲ.

ಕಥೆ ಹೀಗೆ. ಮೂವತ್ತರ ಆಸುಪಾಸಿನ ನಾಲ್ಕು ಜನ ಟೋಕಿಯೋದ ಒಂದು ಕಾರಿಯೋಕೆ ಅಂಗಡಿಯಲ್ಲಿ ಆಕಸ್ಮಿಕವಾಗಿ ಎದುರಾಗುತ್ತಾರೆ. ನಾಲ್ವರ ಕೈಯಲ್ಲೂ ತಂತಿವಾದ್ಯ. ಮಾಕಿಯದು ಮೊದಲ ಪಿಟೀಲು, ಬೆಪ್ಪುವಿನದು ಎರಡನೇ ಪಿಟೀಲು, ಇಯೆಮೊರಿಯದು ವಯೋಲ, ಸುಝುಮೆಯದು ಚೆಲ್ಲೋ. ಕರುಯಿಜಾವಾ ಎಂಬ ಗುಡ್ಡದೂರಿನಲ್ಲಿ ಬೆಪ್ಪುವಿನ ಮನೆತನಕ್ಕೆ ಸೇರಿದ ಬಂಗಲೆ ಇದೆ. ಚಳಿಗಾಲದಲ್ಲಿ ನಾಲ್ವರೂ ಅಲ್ಲಿ ಒಟ್ಟಿಗೆ ಇದ್ದು, ಅಭ್ಯಾಸ ಮಾಡಿ, ‘ನಾಕ್ಟರ್ನ್’ ಎಂಬ ರೆಸ್ಟೋರೆಂಟಿನಲ್ಲಿ ನುಡಿಸುತ್ತಾರೆ. ತಮ್ಮ ತಂಡಕ್ಕೆ ಇಟ್ಟುಕೊಂಡ ಹೆಸರು ‘ಡೋನಟ್ಸ್ ಹೋಲ್’, ಅಂದರೆ ಡೋನಟ್ಟಿನ ನಡುವಿನ ತೂತು. ಮಾಕಿಯ ಗಂಡ ವರ್ಷದ ಹಿಂದೆ ಕಾಣೆಯಾಗಿದ್ದಾನೆ. ಸೊಸೆಯೇ ಮಗನನ್ನು ಕೊಂದಿದ್ದಾಳೆ ಎಂಬ ಗುಮಾನಿ ಅತ್ತೆಗೆ. ಆಕೆ ಸುಝುಮೆಗೆ ದುಡ್ಡು ಕೊಟ್ಟು, ಮಾಕಿಯ ಗೆಳತಿಯಾಗಿ ಅವಳ ಮಾತನ್ನೆಲ್ಲ ರೆಕಾರ್ಡ್ ಮಾಡಿ ತಂದುಕೊಡು ಎಂದು ಕಳಿಸಿದ್ದಾಳೆ. ಮಿಕ್ಕ ಇಬ್ಬರು ಬಂದದ್ದೂ ಆಕಸ್ಮಿಕ ಅಲ್ಲ ಎಂಬುದು ಮುಂದಿನ ಕಂತುಗಳಲ್ಲಿ ಒಂದೊಂದಾಗಿ ತಿಳಿಯುತ್ತದೆ.

ಆ ರೆಕಾರ್ಡರ್ ಕಂಡಾಗಲೇ ನಾನು ಸರಿಯಾಗಿ ಕೂತೆ. ಅದರಲ್ಲಿ ಮಾಕಿಯ ಮಾತು ಒಂದಕ್ಷರ ಬಿಡದೆ ಇದೆ. ಆದರೂ ಅತ್ತೆಗೆ ಬೇಕಾದದ್ದು ಅದರಲ್ಲಿ ಇಲ್ಲ. ಕೊಂದಳೋ ಇಲ್ಲವೋ ಅನ್ನುವುದು ಅವಳ ಮಾತಿನಲ್ಲಿ ಸಿಗುವುದಿಲ್ಲ. ತಾಕಾಕೊ ಮಾತ್ಸು ಈ ಪಾತ್ರವನ್ನು ಕೇಳಿಸಿಯೂ ಕೇಳಿಸದಂಥ ದನಿಯಲ್ಲಿ ಮಾಡಿದ್ದಾರೆ. ಆಕೆ ಜಪಾನಿನ ಸಾಂಪ್ರದಾಯಿಕ ರಂಗಕಲೆಯಾದ ಕಬುಕಿಯ ನಟರ ಮನೆಯ ಮಗಳು. ‘ಫ್ರೋಜನ್’ ಚಿತ್ರದ ಜಪಾನಿ ಆವೃತ್ತಿಯಲ್ಲಿ ಎಲ್ಸಾಳಿಗೆ ದನಿ ಕೊಟ್ಟವರು. ಹಾಲ್ ತುಂಬುವಂತೆ ಹಾಡಬಲ್ಲ ಗಂಟಲು ಅದು. ಅಂಥವರು ಹತ್ತು ಕಂತಿನ ಉದ್ದಕ್ಕೂ, ಪಕ್ಕದಲ್ಲಿ ಕೂತವರೂ ಬಾಗಿ ಕೇಳಬೇಕಾದಷ್ಟು ಮೆಲ್ಲಗೆ ಮಾತಾಡುತ್ತಾರೆ. ಮೊದಲ ಕಂತಿನಲ್ಲಿ ನಾನೂ ವಾಲ್ಯೂಮ್ ಏರಿಸಿದೆ. ಆಮೇಲೆ ಏರಿಸುವುದನ್ನು ಬಿಟ್ಟು ಟಿವಿಯ ಹತ್ತಿರ ಕುರ್ಚಿ ಎಳೆದುಕೊಂಡೆ.

ಈ ಧಾರಾವಾಹಿ ಏನು ಎಂಬುದು ಮೊದಲ ಕಂತಿನ ಊಟದ ಮೇಜಿನ ಮೇಲೇ ಗೊತ್ತಾಗುತ್ತದೆ. ಕಾರಾಗೆ, ಅಂದರೆ ಎಣ್ಣೆಯಲ್ಲಿ ಕರಿದ ಕೋಳಿ ತುಂಡುಗಳ ತಟ್ಟೆ. ಸುಝುಮೆಯೂ ಬೆಪ್ಪುವೂ ಅದರ ಮೇಲೆ ಸಲೀಸಾಗಿ ನಿಂಬೆ ಹಿಂಡುತ್ತಾರೆ. ಇಯೆಮೊರಿ ತಡೆಯುತ್ತಾನೆ. ಹಿಂಡಿದ ನಿಂಬೆ ಹಿಂದಕ್ಕೆ ಬರುವುದಿಲ್ಲ, ಕೋಳಿಯನ್ನು ತೊಳೆಯಲು ಆಗುವುದಿಲ್ಲ ಎನ್ನುವುದು ಅವನ ತಕರಾರು. ಸರಿ, ಇನ್ನು ಮೇಲೆ ‘ನಿಂಬೆ ಹಿಂಡಲಾ?’ ಎಂದು ಕೇಳುತ್ತೇವೆ ಎಂದರೆ ಅದಕ್ಕೂ ಒಪ್ಪುವುದಿಲ್ಲ. ಹಾಗೆ ಕೇಳಿಸಿಕೊಂಡವನಿಗೆ ‘ಹೂಂ’ ಅನ್ನದೆ ಬೇರೆ ದಾರಿ ಎಲ್ಲಿದೆ? ಇಲ್ಲಿ ಮಾಕಿ ಮೆತ್ತನೆಯ ದನಿಯಲ್ಲಿ ಅವನ ಪರ ನಿಲ್ಲುತ್ತಾಳೆ: ಕೇಳುವ ರೀತಿಯಲ್ಲೇ ಒತ್ತಾಯ ಇದೆ. ಹಾಗಾದರೆ ಏನನ್ನಬೇಕು? ‘ನಿಂಬೆ ಇದೆ’ ಅನ್ನಬೇಕು, ಅಷ್ಟೇ. ಇನ್ನೊಬ್ಬರು ‘ಹೌದು, ಇದೆ’ ಅನ್ನಬೇಕು. ಆಮೇಲೆ ಅವರವರ ಇಷ್ಟ.

ನೋಡುವಾಗ ಇದು ಬರೀ ತಮಾಷೆಯ ಜಗಳ. ಆದರೆ ಮಾಕಿ ಯಾಕೆ ಅಷ್ಟು ಖಚಿತವಾಗಿ ಮಾತಾಡಿದಳು ಎಂಬುದು ನಿಧಾನಕ್ಕೆ ತಿಳಿಯುತ್ತದೆ. ಮದುವೆಯಾದಾಗಿನಿಂದ ಅವಳು ಗಂಡನಿಗೆ ಕಾರಾಗೆ ಮಾಡಿ, ಮೇಲೆ ನಿಂಬೆ ಹಿಂಡಿ ಬಡಿಸುತ್ತಿದ್ದಳು. ಅವನು ‘ರುಚಿಯಾಗಿದೆ’ ಎಂದು ತಿನ್ನುತ್ತಿದ್ದ. ಒಂದು ದಿನ ಹೋಟೆಲಿನಲ್ಲಿ, ಅವಳು ಅಲ್ಲೇ ಇದ್ದಾಳೆಂದು ಗೊತ್ತಿಲ್ಲದೆ, ಅವನು ಜೊತೆಯವನಿಗೆ ಹೇಳುತ್ತಾನೆ, ತನಗೆ ನಿಂಬೆ ಆಗುವುದಿಲ್ಲ ಎಂದು. ಹೆಂಡತಿಯ ಬಗ್ಗೆ ಕೇಳಿದರೆ, ಪ್ರೀತಿ ಇದೆ, ಇಷ್ಟ ಇಲ್ಲ ಅನ್ನುತ್ತಾನೆ. ಎರಡನ್ನೂ ಅವಳು ಕೇಳಿಸಿಕೊಳ್ಳುತ್ತಾಳೆ.

ಪ್ರೀತಿ ಇದೆ, ಇಷ್ಟ ಇಲ್ಲ. ಜೀವನಾಂಶದ ಮೊಕದ್ದಮೆಗಳಲ್ಲಿ, ವಿಚ್ಛೇದನದ ಅರ್ಜಿಗಳಲ್ಲಿ ಗಂಡ ಹೆಂಡತಿಯರ ಮಾತನ್ನು ಎಷ್ಟೋ ಬರೆದಿದ್ದೇನೆ. ಇಷ್ಟು ನಿಖರವಾಗಿ ಯಾರೂ ಹೇಳಿದ್ದು ನೆನಪಿಲ್ಲ. ಹೇಳಿದ್ದರೂ ಅದು ದಾಖಲೆಗೆ ಹೋಗುತ್ತಿರಲಿಲ್ಲ.

ಗಂಡ ಬದುಕಿದ್ದಾನೆಯೇ ಎಂಬ ಗುಟ್ಟನ್ನು ಇಲ್ಲಿ ಬಿಟ್ಟುಕೊಡದೆ ಮುಂದೆ ಹೋಗಲಾರೆ, ಕ್ಷಮಿಸಿ. ಐದನೇ ಕಂತಿನ ಕೊನೆಗೆ ಅವನು ಬರುತ್ತಾನೆ. ಆರನೇ ಕಂತಿನಲ್ಲಿ ತಮ್ಮ ಮದುವೆಯ ಕಥೆಯನ್ನು ಮಾಕಿ ಒಂದು ಕಡೆ ಅತ್ತೆಗೆ ಹೇಳುತ್ತಾಳೆ, ಗಂಡ ಇನ್ನೊಂದು ಕಡೆ ಸುಝುಮೆಗೆ ಹೇಳುತ್ತಾನೆ. ಕ್ಯಾಮೆರಾ ಅಲ್ಲಿಗೂ ಇಲ್ಲಿಗೂ ಹೋಗಿ ಬರುತ್ತದೆ. ಇಬ್ಬರೂ ಸುಳ್ಳು ಹೇಳುವುದಿಲ್ಲ, ಒಬ್ಬರನ್ನೊಬ್ಬರು ಬೈಯುವುದೂ ಇಲ್ಲ. ಮದುವೆಗೆ ಮುಂಚೆ ಅವನು ತನಗೆ ಪ್ರಾಣವಾದ ಒಂದು ಕವಿತೆಯ ಪುಸ್ತಕ ಅವಳಿಗೆ ಕೊಟ್ಟಿದ್ದ. ಮದುವೆಯಾದ ಮೇಲೆ ಒಂದು ದಿನ ನೋಡಿದರೆ ಅದು ಬಿಸಿ ಪಾತ್ರೆಯ ಅಡಿಗೆ ಬಂದಿದೆ. ಅವಳು ಬೇಕೆಂದು ಮಾಡಿದ್ದಲ್ಲ. ಅವಳಿಗೆ ಆ ಮನೆಯಲ್ಲಿ ಆರಾಮ ಅನಿಸಿತ್ತು, ಕೈಗೆ ಸಿಕ್ಕಿದ್ದನ್ನು ಇಟ್ಟಿದ್ದಳು. ಅವನು ಅದನ್ನು ನೋಡಿ ಏನೂ ಅನ್ನಲಿಲ್ಲ. ಅವಳಿಗೆ ಬೇಕಾಗಿದ್ದದ್ದು ಮನೆಯವನು, ಅವನಿಗೆ ಬೇಕಾಗಿದ್ದದ್ದು ಪ್ರೇಯಸಿ. ಇದನ್ನು ಒಂದು ಸಲ ಬಾಯಿಬಿಟ್ಟು ಹೇಳಿದ್ದರೆ ಇಬ್ಬರೂ ಉಳಿಯುತ್ತಿದ್ದರೇನೋ. ಇಬ್ಬರೂ ಒಳ್ಳೆಯವರು, ಇನ್ನೊಬ್ಬರಿಗೆ ಬೇಜಾರಾಗಬಾರದೆಂದೇ ಸುಮ್ಮನಿದ್ದವರು. ಗಂಡನ ಪಾತ್ರ ಮಾಡಿದ ಕಾಂಕುರೊ ಕುದೊ ಸ್ವತಃ ಹೆಸರಾದ ಚಿತ್ರಕಥೆಗಾರ. ಬೇರೆಯವರ ಬಾಯಿಗೆ ಮಾತು ಬರೆಯುವ ಮನುಷ್ಯ ಇಲ್ಲಿ ಹೇಳಬೇಕಾದ ಮಾತನ್ನು ನುಂಗಿಕೊಂಡು ಕೂರುವುದನ್ನು ನೋಡಬೇಕು.

ಇದನ್ನು ನಮ್ಮ ಯಜಮಾನರೂ ನನ್ನ ಪಕ್ಕದಲ್ಲಿ ಕೂತು ನೋಡುತ್ತಿದ್ದರು. ಪಾತ್ರೆಯ ಅಡಿಯಲ್ಲಿ ಪುಸ್ತಕ ಕಂಡಾಗ ಎದ್ದು ಹೊರಗೆ ಹೋದರು. ಸ್ವಲ್ಪ ಹೊತ್ತಿನ ಮೇಲೆ ಬಂದು ‘ಎಲ್ಲಿಗೆ ಬಂತು?’ ಎಂದರು. ನಾನು ಹಿಂದಕ್ಕೆ ಹಾಕಿ, ಆ ದೃಶ್ಯದಿಂದಲೇ ಮತ್ತೆ ತೋರಿಸಿದೆ. ಇಬ್ಬರೂ ಏನೂ ಮಾತಾಡಲಿಲ್ಲ.

ಆರಂಭದ ಒಂದು ಕಂತಿನಲ್ಲಿ ಈ ನಾಲ್ವರು, ಜನ ಆಡುವುದೊಂದು, ಮನಸ್ಸಿನಲ್ಲಿರುವುದು ಇನ್ನೊಂದು ಎಂಬುದರ ಬಗ್ಗೆ ನೇರವಾಗಿಯೇ ಮಾತಾಡುತ್ತಾರೆ. ‘ಬರೋಕಾದ್ರೆ ಬರ್ತೀನಿ’ ಅಂದವರು ಬರುವುದಿಲ್ಲ. ‘ನಾನೇ ತಿಳಿಸ್ತೀನಿ’ ಅಂದರೆ ನೀನು ವಿಚಾರಿಸಬೇಡ ಎಂದರ್ಥ. ನೋಡಬೇಕು ಅನಿಸಿದವರಿಗೆ ‘ನಿನ್ನನ್ನು ನೋಡಬೇಕು’ ಅನ್ನುವುದಿಲ್ಲ, ‘ಒಂದು ಟಿಕೆಟ್ ಉಳಿದಿದೆ’ ಅನ್ನುತ್ತಾರೆ. ಇದಕ್ಕೆ ಜಪಾನಿಯಲ್ಲಿ ‘ಗ್ಯೋಕಾನ್’ ಎಂಬ ಮಾತಿದೆ. ಬರಹದ ಎರಡು ಸಾಲುಗಳ ನಡುವಿನ ಜಾಗ ಅದು. ಆ ಜಾಗವನ್ನು ಓದಬೇಕು. ಮನಸ್ಸಿನ ಮಾತಿಗೆ ಅವರು ‘ಹೊನ್‌ನೆ’ ಅನ್ನುತ್ತಾರೆ, ಎದುರಿಗೆ ತೋರಿಸುವುದಕ್ಕೆ ‘ತಾತೆಮಾಯೆ’. ಎದುರಿನವರು ಬಾಯಿಬಿಡದೆಯೇ ಅರ್ಥ ಮಾಡಿಕೊಳ್ಳುವುದಕ್ಕೆ ‘ಗಾಳಿ ಓದುವುದು’ ಎನ್ನುತ್ತಾರೆ. ‘ಸ್ವಲ್ಪ...’ ಎಂದು ಎಳೆದು ವಾಕ್ಯವನ್ನು ಅರ್ಧಕ್ಕೆ ಬಿಟ್ಟರೆ ಅಲ್ಲಿ ಅದು ‘ಆಗುವುದಿಲ್ಲ’ ಎಂಬ ಉತ್ತರ.

ನಮ್ಮಲ್ಲೂ ‘ನೋಡೋಣ’ ಅನ್ನುವ ಮಾತು ಇದೆ. ಹೊರಟವರು ‘ಹೋಗ್ತೀನಿ’ ಅನ್ನುವುದಿಲ್ಲ, ‘ಹೋಗಿ ಬರ್ತೀನಿ’ ಅನ್ನುತ್ತಾರೆ. ಆದ್ದರಿಂದ ಇದು ನಮಗೆ ತೀರಾ ದೂರದ ಲೋಕ ಅಲ್ಲ. ಆದರೆ ಸಕಾಮೊಟೊ ಇಂಥ ಮಾತುಗಳ ಪಟ್ಟಿ ಕೊಟ್ಟು ಸುಮ್ಮನಾಗುವುದಿಲ್ಲ. ಆ ಟಿಕೆಟ್ಟಿನ ಮಾತನ್ನೇ ನೋಡಿ. ಸುಝುಮೆಗೆ ಬೆಪ್ಪುವಿನ ಮೇಲೆ ಮನಸ್ಸು, ಬೆಪ್ಪುವಿಗೆ ಮಾಕಿಯ ಮೇಲೆ, ಇಯೆಮೊರಿಗೆ ಸುಝುಮೆಯ ಮೇಲೆ. ಎಲ್ಲವೂ ಒಂದೇ ಕಡೆಯ ಪ್ರೀತಿ. ಎಂಟನೇ ಕಂತಿನಲ್ಲಿ ಸುಝುಮೆ ತನ್ನ ಕೈಗೆ ಬಂದ ಸಂಗೀತ ಕಛೇರಿಯ ಟಿಕೆಟ್ಟುಗಳನ್ನು ಬೆಪ್ಪುವಿಗೆ ಕೊಟ್ಟು, ಮಾಕಿಯನ್ನು ಕರೆದುಕೊಂಡು ಹೋಗು ಅನ್ನುತ್ತಾಳೆ. ಟಿಕೆಟ್ ಉಳಿದಿದೆ ಅಂದರೆ ಏನರ್ಥ ಎಂದು ನಮಗೆ ಮೊದಲೇ ಕಲಿಸಿಯಾಗಿದೆ. ಈಗ ಅವಳು ಆ ಮಾತನ್ನು ಇನ್ನೊಬ್ಬಳಿಗಾಗಿ ಕೊಟ್ಟುಬಿಡುತ್ತಿದ್ದಾಳೆ. ಸುಝುಮೆಯ ಪಾತ್ರ ಮಾಡಿದ ಹಿಕಾರಿ ಮಿತ್ಸುಶಿಮಾ ಆ ಹೊತ್ತಿನಲ್ಲಿ ನಗುತ್ತಾರೆ. ಆ ನಗುವನ್ನು ಯಾವ ಷರಾದಲ್ಲಿ ಬರೆಯುವುದು ಎಂದು ನಾನು ತುಂಬ ಹೊತ್ತು ಯೋಚಿಸಿದೆ.

ನನಗೆ ಎಲ್ಲಕ್ಕಿಂತ ಹತ್ತಿರವಾದದ್ದು ಮೂರನೇ ಕಂತು. ಸುಝುಮೆಯ ಅಪ್ಪ ಮೋಸಗಾರ. ಮಗಳು ಚಿಕ್ಕವಳಿದ್ದಾಗ ಅವಳಿಗೆ ಅತೀಂದ್ರಿಯ ಶಕ್ತಿ ಇದೆ ಎಂದು ನಂಬಿಸಿ ಟಿವಿಯಲ್ಲಿ ಕುಣಿಸಿದವನು. ಆ ಹಳೆಯ ಸುಳ್ಳು ಅವಳು ಕೆಲಸಕ್ಕೆ ಸೇರಿದ ಆಫೀಸಿಗೂ ಹಿಂಬಾಲಿಸಿ ಬಂದು, ತೊಲಗು ಎಂಬ ಚೀಟಿಯಾಗಿ ಮೇಜಿನ ಮೇಲೆ ಕೂತಿತ್ತು. ಈಗ ಅವನು ಆಸ್ಪತ್ರೆಯಲ್ಲಿ ಸಾಯುತ್ತಿದ್ದಾನೆ. ಅವಳು ಹೋಗುವುದಿಲ್ಲ. ಮಾಕಿ ಅವಳನ್ನು ಹುಡುಕಿಕೊಂಡು ಬರುತ್ತಾಳೆ. ಇಬ್ಬರೂ ಆಸ್ಪತ್ರೆಯ ಹತ್ತಿರದ ಒಂದು ಸಣ್ಣ ಹೋಟೆಲಿನಲ್ಲಿ ಕೂತು ಅನ್ನದ ಮೇಲೆ ಹಂದಿಮಾಂಸ, ಮೊಟ್ಟೆ ಹಾಕಿದ ಕಾತ್ಸುದೋನ್ ತರಿಸುತ್ತಾರೆ. ‘ಎಷ್ಟಾದರೂ ಅಪ್ಪ, ಹೋಗು’ ಎಂಬ ಮಾತಿಗಾಗಿ ನಾನು ಕಾದೆ. ಅದು ಬರುವುದಿಲ್ಲ. ಹೋಗಬೇಕಾಗಿಲ್ಲ, ಮನೆಗೆ ಹೋಗೋಣ ಅನ್ನುತ್ತಾಳೆ ಮಾಕಿ. ಯಾವ ಮನೆ? ಅದನ್ನೂ ಹೇಳುತ್ತಾಳೆ. ನಮ್ಮೆಲ್ಲರ ಕೂದಲಿಗೂ ಒಂದೇ ಶಾಂಪೂ ವಾಸನೆ, ಉಣ್ಣುವುದು ಅದೇ ತಟ್ಟೆ, ಕುಡಿಯುವುದು ಅದೇ ಲೋಟ, ಬಟ್ಟೆಯೆಲ್ಲ ಒಂದೇ ವಾಷಿಂಗ್ ಮೆಷಿನ್ನಿಗೆ. ಅಷ್ಟಿದ್ದರೆ ಸಾಲದೇ? ‘ನೀನು ನನಗೆ ಬೇಕು’ ಎಂಬ ಮಾತು ಎಲ್ಲೂ ಇಲ್ಲ. ಸುಝುಮೆ ಅಳುತ್ತಾ ಉಣ್ಣುತ್ತಾಳೆ. ಆಗ ಮಾಕಿ ಹೇಳುವ ಒಂದು ಮಾತಿದೆ, ಅದನ್ನು ಇಲ್ಲಿ ಬರೆಯುವುದಿಲ್ಲ, ಅವಳ ಬಾಯಿಂದಲೇ ಕೇಳಿ. ನೆನಪಿಡಬೇಕಾದದ್ದು ಇನ್ನೊಂದು. ಇಷ್ಟೆಲ್ಲ ಆಗುವಾಗ ಸುಝುಮೆ ಇನ್ನೂ ಮಾಕಿಯ ಮಾತನ್ನು ಕದ್ದು ರೆಕಾರ್ಡ್ ಮಾಡುವವಳೇ. ಅಷ್ಟು ಪ್ರೀತಿ ಪಡೆದವಳು ಅದನ್ನು ಒಪ್ಪಿಕೊಳ್ಳುವುದು ಹೇಗೆ?

ಆ ಪ್ರಶ್ನೆ ಐದನೇ ಕಂತಿನಲ್ಲಿ ಬಯಲಿಗೆ ಬರುತ್ತದೆ. ರೆಸ್ಟೋರೆಂಟಿನಲ್ಲಿ ಕೆಲಸ ಮಾಡುವ ಅರಿಸು ಎಂಬ ಹುಡುಗಿ, ಸುಝುಮೆಯನ್ನು ಪಕ್ಕದಲ್ಲೇ ಕೂರಿಸಿಕೊಂಡು, ಮಾಕಿಗೆ ಒಂದಾದ ಮೇಲೊಂದು ಪ್ರಶ್ನೆ ಹಾಕುತ್ತಾಳೆ. ಮಾತು ಸಿಹಿಯಾಗಿದೆ, ಕಣ್ಣು ಮಾತ್ರ ನಗುವುದಿಲ್ಲ. ರಿಹೊ ಯೋಶಿಯೋಕಾ ಈ ಪಾತ್ರದಲ್ಲಿ ಭಯ ಹುಟ್ಟಿಸುತ್ತಾರೆ. ಒಳ್ಳೆಯ ಕ್ರಿಮಿನಲ್ ವಕೀಲರು ಪಾಟೀ ಸವಾಲು ಮಾಡುವುದು ಹೀಗೆಯೇ. ದನಿ ಏರಿಸುವುದಿಲ್ಲ. ಸಾಕ್ಷಿ ‘ಹೌದು’ ಅನ್ನಲೇಬೇಕಾದ ಸಣ್ಣ ಸಣ್ಣ ಪ್ರಶ್ನೆಗಳನ್ನು ಜೋಡಿಸುತ್ತಾ ಹೋಗುತ್ತಾರೆ, ಕೊನೆಗೆ ಹಿಂದಕ್ಕೆ ಹೋಗಲು ದಾರಿ ಇರುವುದಿಲ್ಲ.

ಎಲ್ಲವೂ ಇಷ್ಟೇ ಚೆನ್ನಾಗಿಲ್ಲ. ಗಂಡ ವಾಪಸು ಬಂದ ಮೇಲೆ ಕಳ್ಳತನ, ಕಟ್ಟಿಹಾಕುವುದು, ಓಡಾಟ ಬರುತ್ತವೆ. ಊಟದ ಮೇಜಿನ ಮೇಲೆ ಅಷ್ಟು ನಡೆಯಬಲ್ಲ ಕಥೆಗೆ ಅದು ಬೇಕಿರಲಿಲ್ಲ. ಒಂಬತ್ತನೇ ಕಂತಿನಲ್ಲಿ ಮಾಕಿಯ ಹಿಂದಿನ ಬದುಕಿನ ಬಗ್ಗೆ ಬರುವ ದೊಡ್ಡ ತಿರುವೂ ಮೊದಲ ಸಲ ನನಗೆ ಒರಟು ಅನಿಸಿತು. ಎರಡನೇ ಸಲ ನೋಡಿದಾಗ, ಅವಳು ಯಾಕೆ ಅಷ್ಟು ಮೆಲ್ಲಗೆ ಮಾತಾಡುತ್ತಿದ್ದಳು ಎಂಬುದಕ್ಕೆ ಅಲ್ಲೇ ಉತ್ತರ ಇದೆ ಅನಿಸಿ ಸಮಾಧಾನವಾಯಿತು. ಇದರ ವಿವರ ಹೇಳುವುದಿಲ್ಲ. ಸಬ್‌ಟೈಟಲ್ ಇನ್ನೊಂದು ಕೊರತೆ. ಒಂದೇ ಸೂರಿನ ಕೆಳಗಿದ್ದರೂ ಈ ಜನ ಬಹುವಚನದ ಹಾಗಿನ ಗೌರವದ ಕ್ರಿಯಾಪದಗಳಲ್ಲಿ, ಹೆಸರಿಗೆ ‘ಸಾನ್’ ಸೇರಿಸಿ ಮಾತಾಡುತ್ತಾರೆ. ಆ ದೂರ, ಆ ಹತ್ತಿರ ಇಂಗ್ಲಿಷಿನ ‘ಯೂ’ ಒಳಗೆ ಕಾಣುವುದೇ ಇಲ್ಲ. ಕನ್ನಡಕ್ಕೆ ಬಂದಿದ್ದರೆ ‘ನೀನು’, ‘ನೀವು’, ‘ತಾವು’ ಎಲ್ಲವೂ ಕೈಯಲ್ಲಿತ್ತು. ಮೊದಲ ಕಂತಿನಲ್ಲಿ ಮಾಕಿ ಹೇಳುವ ಒಂದು ಮಾತಿನ ಚಮತ್ಕಾರವೂ ಹಾಗೇ ಕೈತಪ್ಪುತ್ತದೆ. ಬದುಕಿನಲ್ಲಿ ಮೂರು ‘ಸಾಕಾ’ ಇವೆಯಂತೆ. ‘ಸಾಕಾ’ ಅಂದರೆ ಏರುತಗ್ಗಿನ ದಾರಿ. ಹತ್ತುವ ಸಾಕಾ, ಇಳಿಯುವ ಸಾಕಾ, ಮತ್ತೆ ‘ಮಾಸಾಕಾ’. ಆ ಕೊನೆಯದು ದಾರಿ ಅಲ್ಲ, ‘ಅಯ್ಯೋ, ಹೀಗೂ ಆಗುತ್ತದಾ!’ ಎಂಬ ಉದ್ಗಾರ. ಮಗಳು ಬಿಡಿಸಿ ಹೇಳಿದ ಮೇಲೆ ನನಗೆ ತಿಳಿಯಿತು.

ಪ್ರಸಾರವಾದಾಗ ಇದನ್ನು ಜಪಾನಿನಲ್ಲೂ ಹೆಚ್ಚು ಜನ ನೋಡಲಿಲ್ಲ, ಸರಾಸರಿ ವೀಕ್ಷಣೆ ಶೇ 9ರ ಹತ್ತಿರ ನಿಂತಿತು. ಮಾತುಗಳು ಮಾತ್ರ ಆಮೇಲೂ ಉಳಿದುಕೊಂಡವು. ಕೊನೆಯ ಹಾಡನ್ನು ಶೀನಾ ರಿಂಗೊ ಬರೆದಿದ್ದಾರೆ, ಹಾಡಿರುವುದು ಆ ನಾಲ್ವರು ನಟರೇ. ಹೆಸರು ‘ವಯಸ್ಕರ ಕಟ್ಟಳೆ’ ಎಂಬರ್ಥದ್ದು. ಪ್ರತಿ ಕಂತಿನ ಕೊನೆಗೂ ಅದನ್ನು ಬಿಡದೆ ಕೇಳಿದೆ.

ಕೊನೆಯ ಕಂತಿನಲ್ಲಿ ಕರಿದ ಕೋಳಿಯ ತಟ್ಟೆ ಮತ್ತೆ ಬರುತ್ತದೆ. ಈ ಸಲ ನಿಂಬೆಯ ವಿಷಯದಲ್ಲಿ ಎಲ್ಲರೂ ಪಾಠ ಕಲಿತಿದ್ದಾರೆ. ಆದರೂ ಇಯೆಮೊರಿ ತೃಪ್ತನಲ್ಲ. ಆ ಪಾತ್ರ ಮಾಡಿದ ಇಸ್ಸೆ ತಾಕಾಹಾಶಿ ತಟ್ಟೆಯ ಅಂಚಿನಲ್ಲಿದ್ದ ಪಾರ್ಸ್ಲೇ ಸೊಪ್ಪಿನ ಎಳೆಯನ್ನು ತೋರಿಸಿ, ಇದು ಯಾರಿಗಾದರೂ ಕಾಣಿಸಿತಾ ಎಂದು ಕೇಳುತ್ತಾರೆ. ತಿನ್ನಿ, ಬಿಡಿ, ಅದು ಅಲ್ಲಿ ಇದೆ ಎಂದು ಒಂದು ಸಲ ಅನ್ನಿ, ಅಷ್ಟೇ ಅವನಿಗೆ ಬೇಕಾದದ್ದು. ನನಗೆ ಆಗ ಕಣ್ಣು ತುಂಬಿತು. ಕಾರಣ ಒಂದು ಹಳೆಯ ಮೊಕದ್ದಮೆ. ಒಬ್ಬ ಅಜ್ಜಿಗೆ ಮೂರು ಪ್ರಶ್ನೆ ಹಾಕಿದರು. ಮೂರಕ್ಕೂ ‘ಗೊತ್ತಿಲ್ಲ’ ಅಂದಳು. ಮೊದಲನೆಯದು ನಿಜಕ್ಕೂ ಗೊತ್ತಿಲ್ಲದ್ದು. ಎರಡನೆಯದು ಹೇಳಲು ಹೆದರಿದ್ದು. ಮೂರನೆಯದು ಇನ್ನು ಕೇಳಬೇಡಿ ಎಂದು ಕೈಮುಗಿದದ್ದು. ಕೋರ್ಟ್ ಹಾಲಿನಲ್ಲಿದ್ದ ಎಲ್ಲರಿಗೂ ಅದು ಗೊತ್ತಾಯಿತು. ನಾನು ‘ನನಗೆ ಗೊತ್ತಿಲ್ಲ’ ಎಂದು ಮೂರು ಸಲ ಟೈಪ್ ಮಾಡಿದೆ. ಅಜ್ಜಿ ಕೆಳಗೆ ಹೆಬ್ಬೆಟ್ಟು ಒತ್ತಿದಳು.

ನೋಡುವವರಿಗೆ ಒಂದು ಮಾತು. ಮೊದಲ ಕಂತು ನಿಧಾನ. ಯಾರು ಯಾರೆಂದು ತಿಳಿಯಲು ಅರ್ಧ ಗಂಟೆ ಬೇಕು. ಫೋನ್ ಪಕ್ಕಕ್ಕಿಟ್ಟು ನೋಡಿ, ಅರ್ಧಕ್ಕೆ ಬಿಡಬೇಡಿ. ಹತ್ತೂ ಮುಗಿದ ಮೇಲೆ ಆ ಮೊದಲ ಕಂತಿಗೆ ಮತ್ತೆ ಬಂದು, ಕಾರಿಯೋಕೆ ಅಂಗಡಿಯಲ್ಲಿ ನಾಲ್ವರೂ ‘ಎಂಥಾ ಆಕಸ್ಮಿಕ’ ಎಂದು ಆಶ್ಚರ್ಯಪಡುವ ಜಾಗದಲ್ಲಿ ಸಬ್‌ಟೈಟಲ್ ಆಫ್ ಮಾಡಿ ಮುಖಗಳನ್ನಷ್ಟೇ ನೋಡಿ. ಅವರಲ್ಲಿ ನಿಜವಾಗಿ ಆಶ್ಚರ್ಯಪಡುತ್ತಿರುವುದು ಒಬ್ಬಳು ಮಾತ್ರ.